ಏಪ್ರನ್ ಜೇಬಿನಲ್ಲಿ ಒಂದು ಮತ

ಮಾರ್ಚ್ 4, ಬುಧವಾರ. ಮಧ್ಯಾಹ್ನದ ಬಿಡುವು

ಬೆಳಿಗ್ಗೆಯಿಂದ ಲಾಂಡ್ರಿಗೆ ಮೂವತ್ತೆಂಟು ಗಂಟು ಬಂತು. ಹೆಚ್ಚಿನವು ಹೋಟೆಲಿನ ಹಾಸಿಗೆ ಬಟ್ಟೆ. ಎರಡನೇ ಮಷೀನಿನ ಬೆಲ್ಟು ಮತ್ತೆ ಜಾರುತ್ತಿದೆ. ಕೌಂಟರಿನಲ್ಲಿ ಚೀಟಿ ಬರೆಯುತ್ತಿರುವಾಗಲೇ ನನ್ನ ಹೊಸ ಕರಪತ್ರದ ಮೊದಲ ಸಾಲು ಹೊಳೆಯಿತು — 'ಅಂಗೈಯಗಲದ ಪ್ಲಾಸ್ಟಿಕ್ ತುಂಡು ನಿನ್ನನ್ನು ಪ್ರಜೆ ಮಾಡುತ್ತದೆಯೇ?' ಚೆನ್ನಾಗಿದೆ. ರಸೀದಿಯ ಬೆನ್ನಿಗೆ ಗೀಚಿಟ್ಟೆ.

ಮುಖಪುಟಕ್ಕೆ ಮತದಾರರ ಕಾರ್ಡಿನ ಚಿತ್ರ ಬೇಕು. ನನ್ನ ಹತ್ತಿರ ಇಲ್ಲ. ಹದಿನೆಂಟು ತುಂಬಿದ ವಾರವೇ ದೊಡ್ಡಮ್ಮ ಫಾರಂ ತಂದುಕೊಟ್ಟಿದ್ದಳು. ತುಂಬಲಿಲ್ಲ. ಈ ವ್ಯವಸ್ಥೆ ನೆಟ್ಟಗಾಗುವವರೆಗೆ ಅವರ ಪಟ್ಟಿಯಲ್ಲಿ ನನ್ನ ಹೆಸರು ಬೇಡ ಎಂದು ತೀರ್ಮಾನಿಸಿದ್ದೆ. ಮೂರು ವರ್ಷವಾಯಿತು. ತೀರ್ಮಾನ ಬದಲಾಗಿಲ್ಲ.

ದೊಡ್ಡಮ್ಮನ ಕಾರ್ಡು ಇಸ್ತ್ರಿ ಮೇಜಿನ ಡ್ರಾಯರಿನಲ್ಲಿರುತ್ತದೆ, ಬಿಡಿ ಗುಂಡಿಗಳ ಡಬ್ಬಿಯೊಳಗೆ. ಅವಳು ಊಟಕ್ಕೆ ಎದ್ದಾಗ ತೆಗೆದುಕೊಂಡೆ. ಕೇಳಲಿಲ್ಲ. ಕೇಳಿದರೆ ಯಾಕೆ ಅನ್ನುತ್ತಾಳೆ, ಯಾಕೆಂದು ಹೇಳಿದರೆ ಕೊಡುವುದಿಲ್ಲ. ಝೆರಾಕ್ಸ್ ಮಾಡಿಸಿ ಸಂಜೆಯೊಳಗೆ ಇಟ್ಟರಾಯಿತು.

ಫೋಟೋದಲ್ಲಿ ಅವಳಿಗೆ ನನ್ನದೇ ಮೂಗು.

ಮಾರ್ಚ್ 5, ಗುರುವಾರ

ಝೆರಾಕ್ಸ್ ಅಂಗಡಿ ಮುಚ್ಚಿತ್ತು. ನಾಳೆ ನೋಡೋಣ.

ಮಾರ್ಚ್ 9, ಸೋಮವಾರ. ಬೆಳಿಗ್ಗೆ 11

ಕಾರ್ಡ್ ಇಲ್ಲ.

ಏಪ್ರನ್ ಜೇಬಿನಲ್ಲಿತ್ತು. ಶನಿವಾರ ವಾದ್ಯವೃಂದದ ಹಿತ್ತಾಳೆ ಗುಂಡಿಯ ಕೋಟುಗಳು ಬಂದವು. ಅಂಥ ಕೋಟುಗಳನ್ನು ಮಷೀನಿಗೆ ಹಾಕುವ ಮುಂಚೆ ನಮ್ಮ ಏಪ್ರನ್‌ಗಳಿಂದ ಸುತ್ತಿ ಕಟ್ಟುವುದು ಇಲ್ಲಿನ ಪದ್ಧತಿ — ಗುಂಡಿ ಸವೆಯುವುದಿಲ್ಲ, ಏಪ್ರನ್ನೂ ತೊಳೆದಂತಾಗುತ್ತದೆ. ಸುತ್ತಿದ ಮೇಲೆ ಎರಡಕ್ಕೂ ಒಂದೇ ನಂಬರ್. ಸುತ್ತಿದ್ದು ನಾನು. ದಿನಕ್ಕೆ ನೂರು ಸಲ ಗಿರಾಕಿಗಳಿಗೆ 'ಜೇಬು ನೋಡಿ ಕೊಡಿ' ಅನ್ನುವವಳೂ ನಾನೇ.

ಜೇಬಣ್ಣನನ್ನು ಕೇಳಿದೆ. ಮಷೀನಿಗೆ ಬಟ್ಟೆ ಹಾಕುವ ಮುಂಚೆ ಪ್ರತಿ ಗಂಟಿನ ಜೇಬು ನೋಡುವುದು ಅವನ ಕೆಲಸ. ಹತ್ತೊಂಬತ್ತು ವರ್ಷದಿಂದ ಅದೇ ಕೆಲಸ, ಆದ್ದರಿಂದ ಅದೇ ಹೆಸರು.

"ಕಾರ್ಡಾ? ಸಿಕ್ತಲ್ಲ. ಕವರಿಗೆ ಹಾಕಿ ಕೋಟಿಗೆ ಪಿನ್ ಮಾಡ್ದೆ. ನೂರ ಹನ್ನೆರಡು."

"ಮುಖ ನೋಡ್ಲಿಲ್ವಾ ಅದರಲ್ಲಿ?"

"ಮುಖ ನೋಡೋಕೆ ಶುರು ಮಾಡಿದ್ರೆ ಈ ಜೇಬುಗಳಲ್ಲಿ ನಾನು ಏನೇನು ನೋಡ್ಬೇಕು ಗೊತ್ತಾ ತಾಯಿ? ನಂಬರ್ ನೋಡ್ತೀನಿ, ಕವರಿಗೆ ಹಾಕ್ತೀನಿ. ಅದಕ್ಕೇ ಇನ್ನೂ ಕೆಲಸದಲ್ಲಿದ್ದೀನಿ."

ನೂರ ಹನ್ನೆರಡು ತುತ್ತೂರಿಯವನ ಕೋಟು. ಶನಿವಾರ ಸಂಜೆಯೇ ವಾಪಸ್ ಹೋಗಿದೆ. ಅವನ ಮನೆಗೆ ಫೋನ್ ಮಾಡಿದೆ. ಕಾವಲುಗಾರ ಎತ್ತಿದ. ಇಡೀ ತಂಡ ನಿನ್ನೆ ಬೆಳಿಗ್ಗೆ ಪ್ರವಾಸಕ್ಕೆ ಹೊರಟಿತಂತೆ. ಎರಡು ತಿಂಗಳು. ಎಲ್ಲೆಲ್ಲಿ? "ಎಲ್ಲೆಲ್ಲೋ."

ಮತದಾನ ಇಪ್ಪತ್ತೊಂಬತ್ತಕ್ಕೆ.

ಮಾರ್ಚ್ 10, ಮಂಗಳವಾರ

ಹೇಳಿದೆ.

ದೊಡ್ಡಮ್ಮ ಶರ್ಟಿನ ಕಾಲರ್ ಮೇಲೆ ಇಸ್ತ್ರಿ ಪೆಟ್ಟಿಗೆ ಇಟ್ಟಿದ್ದಳು. ನಿಲ್ಲಿಸಲಿಲ್ಲ. ಕಾಲರ್ ಮುಗಿಸಿದಳು, ಎರಡೂ ತೋಳು ಮುಗಿಸಿದಳು, ಮಡಚಿದಳು, ರಾಶಿಯ ಮೇಲಿಟ್ಟಳು. ಆಮೇಲೆ ಡ್ರಾಯರ್ ಎಳೆದು ಗುಂಡಿಯ ಡಬ್ಬಿ ತೆರೆದು ನೋಡಿದಳು. ನಾನು ಹೇಳಿದ್ದು ಸುಳ್ಳಿರಬಹುದು ಅಂದುಕೊಂಡವಳ ಹಾಗೆ.

"ಕೇಳಿದ್ರೆ ಕೊಡ್ತಿದ್ದೆ."

ಬೈದಿದ್ದರೆ ಒಳ್ಳೆಯದಿತ್ತು.

"ಹೋಗ್ಲಿ ಬಿಡು. ಒಂದ್ಸಲ ವೋಟು ಹಾಕದಿದ್ರೆ ಆಕಾಶ ಏನೂ ಕಳಚಿ ಬೀಳಲ್ಲ."

ಸುಮ್ಮನಿರಬೇಕಿತ್ತು ನಾನು. ಬಾಯಿ ಕೇಳಬೇಕಲ್ಲ. ಅಷ್ಟು ವರ್ಷ ಹಾಕಿ ಏನು ಬದಲಾಯಿತು, ನಾವಿನ್ನೂ ಸೋಪಿನ ಕೋಣೆಯಲ್ಲೇ ಮಲಗುತ್ತಿದ್ದೇವಲ್ಲ ಎಂದೆ. ಲಾಂಡ್ರಿಯ ಹಿಂಭಾಗದಲ್ಲಿ, ಸೋಪಿನ ಮೂಟೆಗಳ ಪಕ್ಕದಲ್ಲಿ, ಹನ್ನೊಂದು ವರ್ಷದಿಂದ. ಅಮ್ಮ ಹೋದ ಮೇಲೆ ನನ್ನನ್ನು ಕರೆದುಕೊಂಡು ಬಂದು ಇಲ್ಲೇ ಬೆಳೆಸಿದಳು.

"ಏನೂ ಬದಲಾಗಿಲ್ಲ. ಆದ್ರೆ ಅವತ್ತು ಬೆಳಿಗ್ಗೆ ಏಳಕ್ಕೆ ನಾನೂ ಲಾಂಡ್ರಿ ಯಜಮಾನರೂ ಒಂದೇ ಸಾಲು. ನಾನು ಮುಂದೆ, ಅವರು ಹಿಂದೆ. ನಾನು ಜರುಗೋವರೆಗೂ ಅವರು ಕಾಯ್ಬೇಕು. ಒಳಗೆ ಪರದೆ ಹಿಂದೆ ನಾನೆಷ್ಟು ಹೊತ್ತು ನಿಂತ್ರೂ ಬೇಗ ಬಾ ಅನ್ನೋ ಹಾಗಿಲ್ಲ." ಮುಂದಿನ ಶರ್ಟ್ ಎಳೆದುಕೊಂಡಳು. "ನಿನ್ನ ಪುಸ್ತಕದಲ್ಲಿ ಇದಿರಲ್ಲ ಬಿಡು."

ನಿಜ, ಇಲ್ಲ. ಎಲ್ಲವನ್ನೂ ತಿರುವಿ ಹಾಕಿದೆ.

ಮಾರ್ಚ್ 12, ಗುರುವಾರ. ಚುನಾವಣಾ ಕಚೇರಿಯ ಬೆಂಚು, 10.40

ಅರ್ಧ ದಿನ ರಜೆ. ಟೋಕನ್ 57, ಈಗ 41. ಗೋಡೆಯ ಮೇಲೆ ನಿಯಮಗಳ ಹಾಳೆ. ಗ್ಲಾಸು ಒಡೆದಿದೆ, ನಾಲ್ಕನೇ ನಿಯಮದ ಮೇಲೆ ಸರಿಯಾಗಿ ಬಿರುಕು. ಹೇಳಬೇಕಾದ ಮಾತನ್ನು ದಾರಿಯುದ್ದಕ್ಕೂ ಅಭ್ಯಾಸ ಮಾಡಿಕೊಂಡು ಬಂದಿದ್ದೇನೆ. 'ಗುರುತಿನ ಹೆಸರಿನಲ್ಲಿ ಬಡವರನ್ನು ಬಾಗಿಲಾಚೆ ನಿಲ್ಲಿಸುವ ಹುನ್ನಾರ…' ಧ್ವನಿ ನಡುಗದಿದ್ದರೆ ಸಾಕು.

ಅದೇ ದಿನ, ವಾಪಸ್ ಬಂದ ಮೇಲೆ

ಹುನ್ನಾರ ಎನ್ನುವಷ್ಟರಲ್ಲಿ ಗುಮಾಸ್ತೆ ಕೈ ತೋರಿಸಿ, "ಜಗಳ ಆಮೇಲೆ ಆಡೋಣ, ಮೊದಲು ಕೂತ್ಕೊಳ್ಳಿ" ಎಂದರು. ವಯಸ್ಸಾದವರು. ಕನ್ನಡಕಕ್ಕೆ ದಾರ. ಪೆನ್ಸಿಲ್ ಕೊಟ್ಟರು.

ಬರೆದುಕೊಂಡಿದ್ದು: ಕಳೆದುಹೋಗಿದೆ ಎಂದು ಠಾಣೆಯ ಚೀಟಿ, ಫಾರಂ, ಎರಡು ಫೋಟೋ. ಹೊಸ ಕಾರ್ಡಿಗೆ ಇಪ್ಪತ್ತೊಂದು ದಿನ. ಬರುವುದು ಅಂಚೆಯಲ್ಲಿ, ಪಟ್ಟಿಯಲ್ಲಿರುವ ವಿಳಾಸಕ್ಕೇ. ಆ ಮನೆ ಈಗ ಟೈರ್ ಅಂಗಡಿ. ವಿಳಾಸ ಬದಲಿಸಬೇಕೆಂದರೆ ಈಗಿನ ಕೋಣೆಯ ಮಾಲೀಕರ ಪತ್ರ.

"ಅಂದ್ರೆ ಈ ಸಲ ಅವರಿಗೆ ವೋಟಿಲ್ಲ."

"ನಾನು ಹಾಗಂದ್ನಾ? ಕಾರ್ಡ್ ಕಳೆದ್ರೆ ವೋಟು ಕಳೆಯಲ್ಲಮ್ಮ. ವೋಟಿರೋದು ಪಟ್ಟಿಯಲ್ಲಿ. ಕಾರ್ಡು ಬರೀ ಮುಖ ಹೊಂದ್ಸೋಕೆ."

ಪಟ್ಟಿ ತೆಗೆದು ಬೆರಳಾಡಿಸಿದರು. ಇದ್ದಳು. ಬೂತ್ ಆರು, ಕ್ರಮಸಂಖ್ಯೆ ನಾನೂರ ಮೂರು.

ಫೋಟೋ ಇರುವ ಬೇರೆ ಕಾಗದ ಏನಾದರೂ ಸರಿ — ಪಿಂಚಣಿ ಪುಸ್ತಕ, ಫೋಟೋ ಇರುವ ಬ್ಯಾಂಕ್ ಪುಸ್ತಕ, ಡ್ರೈವಿಂಗ್ ಲೈಸೆನ್ಸ್. ಯಾವುದೂ ಇಲ್ಲದಿದ್ದರೆ ಕೊನೆಯ ದಾರಿ ನಾಲ್ಕನೇ ನಿಯಮ: ಅದೇ ಬೂತಿನ ಮತದಾರರೊಬ್ಬರು ಜೊತೆಗೆ ಬಂದು, 'ಇವರನ್ನು ನಾನು ಬಲ್ಲೆ' ಎಂದು ಅಧಿಕಾರಿಯ ಎದುರು ಸಹಿ ಹಾಕಬೇಕು. ಒಬ್ಬರು ಒಬ್ಬರಿಗೆ ಮಾತ್ರ. ಸುಳ್ಳಾದರೆ ಸಹಿ ಹಾಕಿದವರಿಗೆ ಜೈಲು.

"ನೀವೇ ಹಾಕಬಹುದಲ್ಲ? ಮಗಳ ಸಮಾನ ಅಂದ್ರಿ. ನಿಮ್ಮ ಕ್ರಮಸಂಖ್ಯೆ?"

ಹೇಳಿದೆ, ಇಲ್ಲವೆಂದು. ಬಿಟ್ಟುಹೋಗಿದೆಯಾ ಎಂದು ಕೇಳಿ ಮತ್ತೆ ಪಟ್ಟಿಗೆ ಕೈಹಾಕಿದರು. ಬಿಟ್ಟುಹೋಗಿಲ್ಲ, ನಾನೇ ಬರೆಸಿಲ್ಲ ಎಂದೆ. ಅವರು ಕನ್ನಡಕ ತೆಗೆದು ಒರೆಸಿ ಹಾಕಿಕೊಂಡರು. ಒಂದು ಖಾಲಿ ಫಾರಂ ದೊಡ್ಡಮ್ಮನಿಗೆಂದು ಕೊಟ್ಟರು. ಇನ್ನೊಂದನ್ನು ಅದರ ಕೆಳಗೆ ಸೇರಿಸಿದರು.

"ಇದು ಈ ಸಲಕ್ಕಾಗಲ್ಲ. ಕೊನೇ ದಿನ ಮುಗೀತು."

ಮಾರ್ಚ್ 13, ಶುಕ್ರವಾರ

ಬ್ಯಾಂಕ್ ಪುಸ್ತಕದಲ್ಲಿ ಫೋಟೋ ಇಲ್ಲ. ಪಿಂಚಣಿ ಇಲ್ಲ. ಲೈಸೆನ್ಸಿನ ಮಾತೆತ್ತಿದೆ.

"ನಾನು ಓಡಿಸೋದು ಇದೊಂದೇ" ಎಂದು ಇಸ್ತ್ರಿ ಪೆಟ್ಟಿಗೆ ಎತ್ತಿ ತೋರಿಸಿದಳು. ಮೂರು ದಿನದ ಮೇಲೆ ಮೊದಲ ನಗು.

ಠಾಣೆಯಿಂದ ಚೀಟಿ ತಂದೆ. ಎಲ್ಲಿ ಕಳೆಯಿತು ಎಂಬಲ್ಲಿ 'ತುತ್ತೂರಿಯವರ ಕೋಟಿನಲ್ಲಿ' ಎಂದು ಬರೆಯಲು ಪೇದೆ ಒಪ್ಪಲಿಲ್ಲ. 'ಪ್ರಯಾಣದಲ್ಲಿ' ಎಂದು ಬರೆದುಕೊಂಡ. ಒಂದು ಲೆಕ್ಕದಲ್ಲಿ ನಿಜವೇ.

ಮಾರ್ಚ್ 16, ಸೋಮವಾರ

ಯಜಮಾನರ ಹತ್ತಿರ ವಿಳಾಸದ ಪತ್ರ ಕೇಳಿದೆ. ಇಲ್ಲ ಎಂದರು.

"ನಕ್ಷೆಯಲ್ಲಿ ಅದು ಗೋದಾಮು. ಮನೆ ಅಂತ ನಾನು ಬರೆದುಕೊಟ್ರೆ ನಾಳೆ ನಗರಸಭೆಯೋರು ಬಂದು ಮೊದಲು ನಿಮ್ಮ ಹಾಸಿಗೆನೇ ರಸ್ತೆಗೆ ಹಾಕ್ತಾರೆ."

"ಅಲ್ಲಿ ಮನುಷ್ಯರು ಇರೋದು ನಿಜ ತಾನೇ?"

"ನಿಜ. ಆದ್ರೆ ನನ್ನ ಕೈಬರಹದಲ್ಲಿ ಬೇಡ."

ತಕ್ಷಣ ಇನ್ನೊಂದು ಕರಪತ್ರ ಬರೆಯಬೇಕು ಅನ್ನಿಸಿತು. ಹೋದ ತಿಂಗಳಿನದೇ ಇನ್ನೂ ಬಾಯ್ಲರ್ ಕೋಣೆಯ ಬಾಗಿಲಲ್ಲಿ ಅರ್ಧ ಕಿತ್ತು ನಿಂತಿದೆ: 'ಉಗಿಯ ದೊರೆ.' ಶೀರ್ಷಿಕೆ ನನ್ನದೇ. ದೊರೆ ಅಂದರೆ ಯಾರು ಎಂಬುದು ಯಾರಿಗೂ ಗುಟ್ಟಲ್ಲ.

ಬರೆಯಲಿಲ್ಲ. ಅರ್ಜಿಯೂ ಹೋಗಲಿಲ್ಲ. ಉಳಿದಿದ್ದು ನಾಲ್ಕನೇ ನಿಯಮ.

ಮಾರ್ಚ್ 21, ಶನಿವಾರ

ಐದು ದಿನ ಹುಡುಕಿದೆ. ಜೇಬಣ್ಣ ಬೂತ್ ಒಂಬತ್ತು. ಮಷೀನ್ ನೋಡಿಕೊಳ್ಳುವ ಅಕ್ಕನ ಬೂತ್ ಸೇತುವೆಯ ಆಚೆ. ಬೇಕರಿಯವ ಬೂತ್ ಆರೇ, ಆದರೆ ಕಾರ್ಡಿಲ್ಲದ ಅವನ ಮಾವನಿಗೆ ಸಹಿ ಹಾಕಬೇಕಂತೆ. ಒಬ್ಬರು ಒಬ್ಬರಿಗೆ ಮಾತ್ರ. ಟೈರ್ ಅಂಗಡಿಯವನಿಗೆ ಜೈಲು ಎಂಬ ಶಬ್ದ ಕೇಳಿಯೇ ಗಿರಾಕಿ ನೆನಪಾದರು.

ದೊಡ್ಡಮ್ಮ ಯಾರನ್ನೂ ಕೇಳುತ್ತಿಲ್ಲ. ನನ್ನನ್ನೂ ಕೇಳುತ್ತಿಲ್ಲ. ನಿನ್ನೆ ಮಾತ್ರ ತನ್ನ ನೀಲಿ ಅಂಗಿ ಒಗೆದು ಒಣಗಲು ಹಾಕಿದ್ದಳು. ಅದನ್ನು ಅವಳು ತೊಡುವುದು ಮತದಾನದ ದಿನ.

ಬೂತ್ ಆರರಲ್ಲಿ ಅವಳನ್ನು ಚೆನ್ನಾಗಿ ಬಲ್ಲವರು ಇನ್ನೊಬ್ಬರಿದ್ದಾರೆ. ಪ್ರತಿ ಸಲವೂ ಅವಳ ಹಿಂದೆಯೇ ನಿಲ್ಲುವವರು.

ಮಾರ್ಚ್ 24, ಮಂಗಳವಾರ. ಬೆಳಿಗ್ಗೆ 6

ಐದಕ್ಕೇ ಬಾಯ್ಲರ್ ಕೋಣೆಗೆ ಹೋದೆ. ಯಜಮಾನರು ಮೊಣಕಾಲೂರಿ ಬರ್ನರ್ ಹಚ್ಚುತ್ತಿದ್ದರು. ಮುಖಕ್ಕೆ ಮಸಿ. ಇದನ್ನು ನಾನು ಈವರೆಗೆ ನೋಡಿರಲಿಲ್ಲ. ನಾನು ಕೌಂಟರ್ ತೆಗೆಯುವುದು ಎಂಟಕ್ಕೆ.

ನಿಯಮ ಹೇಳಿದೆ. ಜೈಲಿನ ಮಾತನ್ನೂ ಮುಚ್ಚಿಡದೆ ಹೇಳಿದೆ.

"ಕೋಣೆ ವಿಷಯ ಬರಲ್ವಾ ಅದರಲ್ಲಿ?"

"ಇಲ್ಲ. ಅವಳನ್ನ ಬಲ್ಲೆ ಅಂತ ಅಷ್ಟೇ."

"ನೀನೇ ಹಾಕಬಹುದಿತ್ತಲ್ಲ?"

"ನನ್ನ ಹೆಸರಿಲ್ಲ. ನಾನೇ ಬರೆಸಲಿಲ್ಲ."

ಎದ್ದು ನಿಂತು ಜೇಬಿನಿಂದ ಕಾಗದ ತೆಗೆದರು. ನಾಲ್ಕು ಮಡಿಕೆ. ನನ್ನ ಕರಪತ್ರ.

"ಬರವಣಿಗೆ ಚೆನ್ನಾಗಿದೆ. ಬಾಯ್ಲರ್ ದಿನಾ ಐದಕ್ಕೆ ಯಾರು ಹಚ್ತಾರೆ ಅನ್ನೋದೊಂದು ಬಿಟ್ಟುಹೋಗಿದೆ." ಮತ್ತೆ ಮಡಚಿ ಜೇಬಿಗಿಟ್ಟರು. "ನಿಮ್ಮ ದೊಡ್ಡಮ್ಮ ಯಾರಿಗೆ ಹಾಕ್ತಾಳೆ ಅಂತ ಗೊತ್ತಾ ನಿಂಗೆ?"

"ಹೇಳಲ್ಲ."

"ನಂಗೂ ಹೇಳಲ್ಲ. ಇಪ್ಪತ್ತು ವರ್ಷದಿಂದ ಕೇಳ್ತಿದ್ದೀನಿ. 'ನಿಮ್ಮೋರಿಗಲ್ಲ' ಅಂತಾಳೆ, ಅಷ್ಟೇ." ಪೈಪಿನ ಮೇಲೆ ಕೈಯಿಟ್ಟು ಬಿಸಿ ನೋಡಿದರು. "ಅಂದ್ರೆ ಅವಳು ಬರದಿದ್ರೆ ನಮ್ಮೋರಿಗೇ ಲಾಭ."

ಹೌದು ಎಂದೆ.

"ಹೋಗು, ಕೌಂಟರ್ ನೋಡು."

ಒಪ್ಪಿದರೋ ಇಲ್ಲವೋ ಗೊತ್ತಿಲ್ಲ.

ಮಾರ್ಚ್ 28, ಶನಿವಾರ

ನಾಲ್ಕು ದಿನವಾಯಿತು, ಯಜಮಾನರು ಬಾಯಿ ಬಿಟ್ಟಿಲ್ಲ. ದೊಡ್ಡಮ್ಮನಿಗೆ ನಾನೂ ಏನೂ ಹೇಳಿಲ್ಲ. ಆಸೆ ಹುಟ್ಟಿಸಿ ಮುರಿಯುವುದು ಬೇಡ. ನೀಲಿ ಅಂಗಿ ಇಸ್ತ್ರಿಯಾಗಿ ಮೊಳೆಗೆ ನೇತಾಡುತ್ತಿದೆ. ತೋಳಿನ ಗೆರೆ ಚಾಕುವಿನಂತಿದೆ.

ಮಾರ್ಚ್ 29, ಭಾನುವಾರ. ಬೆಳಿಗ್ಗೆ 9.15

ಕ್ರಮವಾಗಿ ಬರೆಯುತ್ತೇನೆ.

ಆರೂವರೆಗೆ ಹಿಂಬಾಗಿಲು ತಟ್ಟಿದ ಸದ್ದು. ಯಜಮಾನರು. ಕೂದಲು ಬಾಚಿದ್ದರು. ಒಳಗೆ ಬರಲಿಲ್ಲ, ಸೋಪಿನ ಮೂಟೆಗಳನ್ನೇ ನೋಡುತ್ತಾ ನಿಂತರು.

"ಹೊರಡಮ್ಮ. ಸಾಲು ಬೆಳೆಯುತ್ತೆ. ನನ್ನ ಸಹಿ ಇಲ್ದೆ ನಿನ್ನ ಒಳಗೆ ಬಿಡಲ್ವಂತೆ."

ದೊಡ್ಡಮ್ಮ ನನ್ನ ಮುಖ ನೋಡಿದಳು. ಮೊಳೆಯಿಂದ ನೀಲಿ ಅಂಗಿ ತೆಗೆದುಕೊಂಡಳು.

ಬೂತ್ ಶಾಲೆಯೊಂದರಲ್ಲಿ. ಗೇಟಿನ ಮುಂದೆ ನೆಲಕ್ಕೆ ಸುಣ್ಣದ ಗೆರೆ, ಮತದಾರರಲ್ಲದವರು ದಾಟುವಂತಿಲ್ಲ. ಅವರಿಬ್ಬರೂ ದಾಟಿದರು. ಅವಳು ಮುಂದೆ, ಅವರು ಹಿಂದೆ. ನಾನು ಗೆರೆಯ ಈಚೆ ನಿಂತೆ.

"ಚೀಟಿ ಇದ್ರೆ ಆ ಕಡೆ ಬನ್ನಿ" ಎಂದು ಅಲ್ಲಿದ್ದ ಸ್ವಯಂಸೇವಕಿ ಕರೆದಳು. ನನಗಿಂತ ಚಿಕ್ಕವಳು. ಇಲ್ಲ, ಜೊತೆಗೆ ಬಂದವಳು ಎಂದೆ. ಮೂರು ವರ್ಷದಿಂದ ನನ್ನ ನಿಲುವನ್ನು ಎಷ್ಟು ಜನರಿಗೆ ವಿವರಿಸಿದ್ದೇನೆ. ಅವಳಿಗೆ ವಿವರಿಸಲಿಲ್ಲ.

ಕಿಟಕಿ ತೆರೆದಿತ್ತು. ಮೇಜು ಕಾಣುತ್ತಿತ್ತು. ಅಧಿಕಾರಿ ಪಟ್ಟಿಯಲ್ಲಿ ಹುಡುಕಿದರು, ನಿಯಮದ ಪುಸ್ತಕ ತೆರೆದರು, ಇನ್ನೊಬ್ಬರನ್ನು ಕರೆದರು. ದೊಡ್ಡಮ್ಮ ಕೈಕಟ್ಟಿ ನಿಂತಿದ್ದಳು. ಸಾಲು ನಿಂತೇ ಇತ್ತು. ಯಾರೋ ಗೊಣಗಿದರು. ಆಗ ಯಜಮಾನರ ಗಂಟಲು, ಬಾಯ್ಲರ್ ಸದ್ದನ್ನು ಮೀರಿ ಕೂಗಿ ಅಭ್ಯಾಸವಾದ ಗಂಟಲು —

"ಇಪ್ಪತ್ತು ವರ್ಷದಿಂದ ಬಲ್ಲೆ ಸಾರ್. ನನ್ನ ಶರ್ಟಿನ ಒಂದೊಂದು ಮಡಿಕೇನೂ ಅವಳದೇ. ಎಲ್ಲಿ ಹಾಕ್ಬೇಕು ಹೇಳಿ ಸಹಿ."

ಹಾಕಿದರು. ಅವಳು ಪರದೆಯ ಹಿಂದೆ ಹೋದಳು. ತುಂಬಾ ಹೊತ್ತು ಬರಲಿಲ್ಲ. ಯಜಮಾನರು ಕಾಲು ಬದಲಿಸುತ್ತಾ ಕಾದರು.

ವಾಪಸ್ ಬರುವಾಗ ಅವರೆಂದರು, "ನನ್ನ ವೋಟನ್ನ ನನ್ನ ಸಹಿಯಿಂದಲೇ ಹೊಡೆಸಿಕೊಂಡೆ."

"ಯಾರು ಹೇಳಿದ್ರು ನಿಮಗೆ" ಎಂದಳು ದೊಡ್ಡಮ್ಮ. "ಈ ಸಲ ಯಾರಿಗೆ ಅಂತ ನಾನು ಬಾಯಿ ಬಿಟ್ಟಿದ್ದೀನಾ?"

ಲಾಂಡ್ರಿ ಮುಟ್ಟುವವರೆಗೂ ಅವರಿಗೆ ಅದೇ ಯೋಚನೆ.

ಏಪ್ರಿಲ್ 3, ಶುಕ್ರವಾರ. ಮಧ್ಯಾಹ್ನದ ಬಿಡುವು

ಪ್ಲಾಸ್ಟಿಕ್ ತುಂಡಿನ ಕರಪತ್ರ ಕೈಬಿಟ್ಟೆ. ಹರಿಯಲಿಲ್ಲ. ಮೊದಲ ಸಾಲು ಈಗಲೂ ಚೆನ್ನಾಗಿಯೇ ಇದೆ. ಪ್ರಶ್ನೆ ತಪ್ಪಲ್ಲ, ನಾನು ಅದನ್ನು ಕೇಳಿದ ಜಾಗ ತಪ್ಪು.

ಇಸ್ತ್ರಿ ಮೇಜಿನ ತುದಿಯಲ್ಲಿ ಎರಡು ಫಾರಂ. ಒಂದು ಅವಳದು, ಕಳೆದ ಕಾರ್ಡಿಗೆ. ಒಂದು ನನ್ನದು, ಹೊಸದಾಗಿ. ಹೆಸರು ಬರೆದೆ. ವಯಸ್ಸು ಬರೆದೆ. ಎರಡಕ್ಕೂ ಮಾಲೀಕರ ಪತ್ರ ಬೇಕು. ಬೆಳಿಗ್ಗೆ ಮತ್ತೆ ಕೇಳಿದ್ದಕ್ಕೆ ಯಜಮಾನರು, "ಮುಂದಿನ ಚುನಾವಣೆಗೆ ಇನ್ನೂ ನಾಲ್ಕು ವರ್ಷ ಇದೆ" ಎಂದರು. ಹಾಗಾದರೆ ನಾಲ್ಕು ವರ್ಷ ದಿನಾ ಬೆಳಿಗ್ಗೆ ಐದಕ್ಕೆ ಬಾಯ್ಲರ್ ಕೋಣೆಗೆ ಬಂದು ಕೇಳುತ್ತೇನೆ ಎಂದೆ. ಬರುವವಳೇ ಇವಳು, ಎಂದು ಜೇಬಣ್ಣ ಸಾಕ್ಷಿ ಹೇಳಿದ.

"ವಾಸದ ವಿಳಾಸ ಅಂತಿದೆ. ಏನು ಬರೆಯೋದು?" ಎಂದು ದೊಡ್ಡಮ್ಮನನ್ನು ಕೇಳಿದೆ.

ಪೆಟ್ಟಿಗೆ ಎತ್ತಿ ನಿಲ್ಲಿಸಿದಳು. ಕೆಲಸದ ಮಧ್ಯೆ ಅವಳು ಹಾಗೆ ಮಾಡುವುದನ್ನು ನಾನು ನೋಡಿಲ್ಲ.

"ಇರೋದೆಲ್ಲಿ ನಾವು? ಅದನ್ನೇ ಬರಿ."

ಬರೆಯುತ್ತಿದ್ದೇನೆ. ಉಗಿ ಲಾಂಡ್ರಿ, ಹಿಂಬಾಗಿಲು, ಸೋಪಿನ ಕೋಣೆ, ಹನ್ನೊಂದು ವರ್ಷದಿಂದ ಅಲ್ಲಿಯೇ ವಾಸ.