ಖಾಜಾ, ನಿನ್ನ ಮೂಗಿಗೆ ಸಿಗದ ಗ್ಯಾಸು

ಗೆಳೆಯ ಖಾಜಾನಿಗೆ,

ಕ್ಷೇಮವೇ ಎಂದು ಕೇಳುವುದಿಲ್ಲ. ಬೈಯುವುದಕ್ಕೆಂದೇ ಕೂತಿದ್ದೇನೆ. ಎದುರು ಮಾತಾಡಲು ಈಗ ನಿನಗೆ ಬಾಯಿಲ್ಲ ಎನ್ನುವುದೊಂದೇ ನನಗಿರುವ ಅನುಕೂಲ, ಬದುಕಿದ್ದಾಗ ಅದನ್ನು ನೀನು ಒಂದು ದಿನವೂ ಕೊಟ್ಟವನಲ್ಲ.

ಸಿರುಗುಪ್ಪ ರಸ್ತೆಯಲ್ಲಿ ನಾವಿಬ್ಬರೂ ವೆಲ್ಡಿಂಗ್ ಅಂಗಡಿ ತೆರೆದದ್ದು ನೆನಪಿದೆಯಾ? ಬೋರ್ಡಿನಲ್ಲಿ ಯಾರ ಹೆಸರು ಮೊದಲು ಎಂದು ಜಗಳವಾಡಿ ಕೊನೆಗೆ ಬೋರ್ಡೇ ಬರೆಸಲಿಲ್ಲ. ಆಗ ನಮ್ಮ ಹೊಟ್ಟೆ ಹೊರೆದದ್ದು ಸಿರುಗುಪ್ಪ ಕಡೆಯ ಗದ್ದೆಯವರ ಗೋಬರ್ ಗ್ಯಾಸ್ ಡ್ರಮ್ಮುಗಳು. ತುಕ್ಕು ತಿಂದು ತೂತಾದ ಡ್ರಮ್ಮನ್ನು ಸಗಣಿ ಗುಂಡಿಯಿಂದ ಎತ್ತಿ ಹೊರಗಿಟ್ಟ ಕೂಡಲೇ ನೀನು ಅದಕ್ಕೆ ಮೂಗು ಹಚ್ಚುತ್ತಿದ್ದೆ. "ಇನ್ನಾ ಐತಿ, ತಡಿಯಲೇ ಈರ್ಯಾ," ಎನ್ನುತ್ತಿದ್ದೆ. ನೀರು ಹೊಯ್ದು, ಗಾಳಿಗೆ ಬಿಟ್ಟು, ಮತ್ತೆ ಮೂಸಿ ನೀನು ಹೂಂ ಅಂದ ಮೇಲೆಯೇ ನಾನು ರಾಡ್ ಮುಟ್ಟಿಸುತ್ತಿದ್ದೆ. ನಿನ್ನ ಮೂಗು ಒಮ್ಮೆಯೂ ತಪ್ಪಲಿಲ್ಲ. ತಪ್ಪಬೇಕಿತ್ತು. ಮೀಸೆಯಷ್ಟಾದರೂ ಸುಟ್ಟಿದ್ದರೆ ನಿನ್ನ ಸೊಕ್ಕು ಇಳಿಯುತ್ತಿತ್ತು.

ಆಮೇಲೆ ಬಂತಲ್ಲ ಗಣಿಯ ಸುಗ್ಗಿ, ಅದನ್ನು ಮರೆತಿರಲಾರೆ. ಅದಿರು ಲಾರಿಗಳು ನಮ್ಮ ಅಂಗಡಿ ಮುಂದೆ ಸಾಲುಗಟ್ಟಿ ನಿಲ್ಲುತ್ತಿದ್ದವು, ಇನ್ನೊಂದಿಷ್ಟು ಹೆಚ್ಚು ತುಂಬಲು ಪಕ್ಕದ ತಗಡು ಎತ್ತರಿಸಿ ಕೊಡಿ ಎಂದು. ಬಳ್ಳಾರಿಗೆ ಬಳ್ಳಾರಿಯೇ ಕೆಂಪು ಧೂಳನ್ನು ಶಪಿಸುತ್ತಿತ್ತು. ಅದಿರು ಹೊರಗೆ ಹೋದ ದಾರಿಯಲ್ಲೇ ಕಲ್ಲಿದ್ದಲು ಒಳಗೆ ಬರುತ್ತಿದ್ದುದನ್ನು ಯಾರು ನೋಡಿದರು? ಕಬ್ಬಿಣ ಮಾಡುವ ಫ್ಯಾಕ್ಟರಿಗಳಿಗೆ ಅದು ಬೇಕಿತ್ತು. ಹಲಕುಂದಿ ಕಡೆಯ ಒಂದು ಫ್ಯಾಕ್ಟರಿಯವರು ಕಲ್ಲಿದ್ದಲಿಗೆಂದೇ ದೊಡ್ಡ ತಗಡಿನ ಗೋದಾಮು ಕಟ್ಟಿದರು. ಅದರ ಚಾವಣಿಯ ಗಾಳಿಕಿಂಡಿಗಳಿಂದ ಕರಿ ಧೂಳು ಹಾರಿ ಒಣಹಾಕಿದ ಬಟ್ಟೆಗಳ ಮೇಲೆ ಬೀಳುತ್ತದೆಂದು ಸುತ್ತಲಿನ ಹೆಂಗಸರು ಜಗಳಕ್ಕೆ ಬಂದರು. ಸೂಪರ್‌ವೈಸರ್ ನಮ್ಮನ್ನು ಕರೆಸಿ, ಕಿಂಡಿಗಳನ್ನೆಲ್ಲ ತಗಡು ಹಚ್ಚಿ ಮುಚ್ಚಿಬಿಡಿ ಎಂದ. ಕಣ್ಣಿಗೆ ಕಾಣುವುದು ಹೊರಗೆ ಬರಬಾರದು, ಅವನಿಗೆ ಅಷ್ಟೇ ಬೇಕಿತ್ತು.

ದಿನಾ ಒಂದೊಂದು ಕಿಂಡಿ ಮುಚ್ಚುತ್ತ ಬಂದೆವು. ಮುಚ್ಚುತ್ತ ಮುಚ್ಚುತ್ತ ನಿನ್ನ ಗೋರಿಯನ್ನು ನೀನೇ ಭದ್ರಮಾಡುತ್ತಿದ್ದೆ, ನನಗಾದರೂ ಏನು ಗೊತ್ತಿತ್ತು? ಕೊನೆಯ ಕಿಂಡಿಯ ದಿನ ನೀನು ಮೇಲಿದ್ದೆ, ನಾನು ಬಾಗಿಲ ಬಳಿ ತಗಡು ಕತ್ತರಿಸಿ ಹಗ್ಗಕ್ಕೆ ಕಟ್ಟುತ್ತಿದ್ದೆ. ಹಳೆಯ ರೂಢಿಯಂತೆ ಕೇಳಿದೆ, ಗ್ಯಾಸ್ ಏನಾದರೂ ಐತೇನಲೇ ಎಂದು. ನೀನು ಕಿಂಡಿಯೊಳಗೆ ತಲೆ ಹಾಕಿ ಮೂಸಿದೆ. "ಕಲ್ಲಿದ್ದಲು ಎಲ್ಲ್ಯಾರ ಹೂಸು ಬಿಡತೈತೇನಲೇ? ಬರೇ ಧೂಳಿನ ನಾತ ಐತಿ," ಎಂದು ನಕ್ಕೆ. ನೀನೇ ರಾಡ್ ಮುಟ್ಟಿಸಿದೆ. ಭುಸ್ ಎಂದಿತು. ಚಾವಣಿಯ ಕೆಳಗೆ ತಿಳಿ ನೀಲಿ ಬೆಂಕಿ ಈ ತುದಿಯಿಂದ ಆ ತುದಿಗೆ ಓಡಿದ್ದನ್ನು ನಾನು ಬಾಗಿಲಿನಿಂದ ಕಂಡೆ. ಆಮೇಲೆ ತಗಡುಗಳು ಎದ್ದವು, ಅವುಗಳ ಜೊತೆ ನೀನೂ...

ಆಸ್ಪತ್ರೆಯ ಬಾಗಿಲಲ್ಲೇ ಸೂಪರ್‌ವೈಸರ್ ಕಥೆ ಕಟ್ಟಿಬಿಟ್ಟಿದ್ದ. ತಗಡು ಕತ್ತರಿಸುವ ನಮ್ಮದೇ ಗ್ಯಾಸ್ ಸಿಲಿಂಡರ್ ಸೋರುತ್ತಿತ್ತಂತೆ, ನೀನು ಬೀಡಿ ಹಚ್ಚಿದೆಯಂತೆ. ಸಿಲಿಂಡರ್ ನನ್ನ ಪಕ್ಕದಲ್ಲೇ ಬಾಯಿ ಮುಚ್ಚಿಕೊಂಡು ನಿಂತಿತ್ತು. ಆದರೆ ನಿನ್ನ ಜೇಬಿನಲ್ಲಿ ಬೀಡಿ ಕಟ್ಟು ಸಿಕ್ಕಿತಲ್ಲ, ಮಾರಾಯಾ, ಜನಕ್ಕೆ ಅಷ್ಟು ಸಾಕಾಯಿತು. ಬೆಳಿಗ್ಗೆ ಅದನ್ನು ನಿನ್ನ ಜೇಬಿಗೆ ಹಾಕಿ ಕಳಿಸಿದವಳು ನಿನ್ನ ಹೆಂಡತಿ ನೂರ್‌ಬೀ. ಸೊಸೆ ಕೈಯಾರೆ ಬೆಂಕಿ ಕೊಟ್ಟು ಕಳಿಸಿದಳು ಎಂದು ನಿನ್ನ ತಾಯಿ ಕೌಲ್ ಬಜಾರಿನ ಓಣಿಯಲ್ಲೆಲ್ಲ ಹೇಳಿಕೊಂಡು ತಿರುಗಿದಳು. ಒಂದೇ ಮನೆಯಲ್ಲಿದ್ದೂ ಆಕೆಯ ಕೈಯ ನೀರು ಕುಡಿಯಲಿಲ್ಲ. ನೀನು ಹಾಯಾಗಿ ಮಲಗಿದೆ, ಬೈಗುಳ ತಿಂದವಳು ಅವಳು. ನಿನಗೆ ನಾಚಿಕೆಯಾಗಬೇಕು.

ಮೊನ್ನೆ ಕುರುಗೋಡಿನಲ್ಲಿ ನನ್ನ ತಂಗಿಯ ಮಗಳ ನಿಶ್ಚಿತಾರ್ಥವಾಯಿತು. ಗಂಡಿನ ಸೋದರಮಾವ ತೆಲುಗು ಸೀಮೆಯವರು, ಹರೆಯವನ್ನೆಲ್ಲ ಕಲ್ಲಿದ್ದಲು ಗಣಿಯ ಒಳಗೆ ಕಳೆದವರು. ಊಟದ ಪಂಕ್ತಿಯಲ್ಲಿ ನಿನ್ನ ಮಾತು ಬಂತು. ಅವರು ಕೈಯಲ್ಲಿದ್ದ ತುತ್ತನ್ನು ಎಲೆಗಿಟ್ಟು, ಕಿಂಡಿ ಎಲ್ಲ ಮುಚ್ಚಿದ್ದವಾ, ಬೆಂಕಿ ನೀಲಿ ಇತ್ತಾ ಎಂದು ಕೇಳಿದರು. ಹೌದೆಂದೆ. "ದಾನಿಕಿ ವಾಸನ ಉಂಡದಯ್ಯಾ," ಎಂದರು.

ವಾಸನೆಯೇ ಇಲ್ಲವಂತೆ ಖಾಜಾ! ಅದರ ಹೆಸರು ಮೀಥೇನ್. ಕಲ್ಲಿದ್ದಲಿನ ಹೊಟ್ಟೆಯಲ್ಲಿ ಯಾವ ಕಾಲದಿಂದಲೋ ಅಡಗಿ ಕೂತಿರುತ್ತದಂತೆ. ಅಗೆದು ಒಡೆದಾಗಿನಿಂದ ಸೋರಲು ಶುರುಮಾಡಿ, ರಾಶಿ ಹಾಕಿದ ಮೇಲೂ ಸೋರುತ್ತ, ಹಗುರಾಗಿ ಮೇಲೇರಿ ಚಾವಣಿಗೆ ಅಂಟಿಕೊಳ್ಳುತ್ತದಂತೆ. ಸಿರುಗುಪ್ಪದ ಡ್ರಮ್ಮುಗಳಲ್ಲಿ ಇದ್ದದ್ದೂ ಇದೇ ಗ್ಯಾಸು. ನಾತ ಮಾತ್ರ ಸಗಣಿಯದು. ಇಷ್ಟು ವರ್ಷ ನೀನು ಮೂಸಿದ್ದು ಸಗಣಿಯನ್ನು, ಗ್ಯಾಸನ್ನಲ್ಲ. ಆ ಹಾಳು ಮೂಗನ್ನು ನಂಬಿ ಪ್ರಾಣ ಕೊಟ್ಟೆಯಲ್ಲ, ಪಂಕ್ತಿಯಲ್ಲೇ ನನಗೆ ಅಳು ಬಂತು, ನಿನ್ನ ಕೆನ್ನೆಗೆ ಬಾರಿಸಬೇಕು ಅನ್ನಿಸಿತು.

ಗಣಿಯಲ್ಲಿ ಅದನ್ನು ಏನು ಮಾಡುತ್ತೀರಿ ಎಂದು ಕೇಳಿದೆ. ದೊಡ್ಡ ಫ್ಯಾನು ಹಚ್ಚಿ ಹೊರಗೆ ಊದುತ್ತಾರಂತೆ. ಆಮೇಲೆ? ಆಮೇಲೆ ಆಕಾಶಕ್ಕೆ. ಅಲ್ಲಿ ಅದು ಹೊಗೆಗಿಂತ ಕೆಟ್ಟದಾಗಿ ಭೂಮಿಯ ಬಿಸಿ ಏರಿಸುತ್ತದೆ ಎಂದರು. ಎಣ್ಣೆ ಬಾವಿಗಳಿಂದ, ಗ್ಯಾಸಿನ ಪೈಪುಗಳಿಂದ ಸೋರುವುದೂ ಇದೇ. ಒಳಗಿಟ್ಟರೆ ಕೆಲಸದವನನ್ನು ಸುಡುತ್ತದೆ, ಹೊರಗೆ ಬಿಟ್ಟರೆ ಎಲ್ಲರನ್ನೂ ಬೇಯಿಸುತ್ತದೆ. ಬಟ್ಟೆ ಕರಿಯಾದರೆ ಜಗಳಕ್ಕೆ ಬರುವ ನಾವು ಇದಕ್ಕೆ ಯಾರ ಬಾಗಿಲಿಗೆ ಹೋಗಬೇಕು? ಆ ದರಿದ್ರ ಗ್ಯಾಸಿಗೆ ಒಂದಿಷ್ಟು ಸಗಣಿಯ ನಾತವಿದ್ದಿದ್ದರೆ ದೇಶಕ್ಕೆ ದೇಶವೇ ಮೂಗು ಮುಚ್ಚಿಕೊಂಡು ಬೀದಿಗೆ ಬರುತ್ತಿತ್ತು. ಫ್ಯಾಕ್ಟರಿ ಮಾಲೀಕರ ಪುಣ್ಯ, ಅದು ನಾರುವುದಿಲ್ಲ.

ಕುರುಗೋಡಿನಿಂದ ಬಸ್ಸಿಳಿದವನೇ ನಿನ್ನ ಮನೆಗೆ ಹೋದೆ. ನೂರ್‌ಬೀ ಎಲ್ಲ ಕೇಳಿಸಿಕೊಂಡು, "ಬೀಡೀನ ಆಗಿದ್ರ ಚಲೋ ಇತ್ತು ಈರಣ್ಣಾ. ಸೇದಿದ್ದಕ್ಕ ಅವರನ್ನ ಬೈಕೊಂತರ ಇರ್ತಿದ್ದೆ," ಎಂದಳು. ನಿನ್ನ ತಾಯಿ ಗೋಡೆಯ ಕಡೆ ತಿರುಗಿ ಕೂತಳು. ದೋಸ್ತಿಗಾಗಿ ಸುಳ್ಳು ಹೇಳುತ್ತಾನೆ ಎಂದು ಗೋಡೆಗೇ ಹೇಳಿದಳು.

ನಿನ್ನೆ ನಿನ್ನ ಸಾವಿನ ವಿಚಾರಣೆ ಇತ್ತು. ಫ್ಯಾಕ್ಟರಿಯ ಆಫೀಸಿಗೇ ಇನ್ಸ್‌ಪೆಕ್ಟರ್ ಬಂದಿದ್ದರು. ನೂರ್‌ಬೀಯನ್ನೂ ನಿನ್ನ ತಾಯಿಯನ್ನೂ ಕರೆದುಕೊಂಡು ಹೋಗಿದ್ದೆ. ಇಬ್ಬರೂ ಬೆಂಚಿನ ಎರಡು ತುದಿಗೆ ಕೂತರು. ಕಿಟಕಿಯಾಚೆ ಅವರದೇ ಇನ್ನೊಂದು ಗೋದಾಮು ಕಾಣುತ್ತಿತ್ತು, ಅದೇ ಕಲ್ಲಿದ್ದಲು ತುಂಬಿ, ಕಿಂಡಿಗಳೆಲ್ಲ ಮುಚ್ಚಿದ್ದು. ಇನ್ನೊಬ್ಬ ವೆಲ್ಡರನ ಕೈಕೆಲಸ. ನಾನು ಗ್ಯಾಸಿನ ಮಾತೆತ್ತಿದರೆ ಸೂಪರ್‌ವೈಸರ್ ನಕ್ಕ. ಗಣಿ ಎಲ್ಲಿ, ಗೋದಾಮು ಎಲ್ಲಿ, ಕಲ್ಲಿದ್ದಲಿನಲ್ಲಿ ಎಂಥ ಗ್ಯಾಸು, ಸೋರಿದ್ದು ಇವರ ಸಿಲಿಂಡರ್, ಹಚ್ಚಿದ್ದು ಆ ಬೀಡಿ ಎಂದ.

ನಾನು ಜೇಬಿನಿಂದ ಬೀಡಿ ಕಟ್ಟು, ಕಡ್ಡಿಪೆಟ್ಟಿಗೆ ತೆಗೆದು ಅವನ ಮುಂದೆ ಮೇಜಿನ ಮೇಲಿಟ್ಟೆ. "ಆತು ಬಿಡ್ರಿ ಸಾಹೇಬ್ರ, ಗ್ಯಾಸಿಲ್ಲ. ಸಿಲಿಂಡರ್ ಬ್ಯಾಡ, ಏನೂ ಬ್ಯಾಡ. ನಡ್ರಿ, ಆ ಗೋದಾಮಿನ ಚಾವಣಿ ಮ್ಯಾಲ ಕುಂತು ಇಬ್ರೂ ಒಂದೊಂದು ಬೀಡಿ ಸೇದೂಣು."

ಇನ್ಸ್‌ಪೆಕ್ಟರ್ ಅವನ ಮುಖ ನೋಡಿದರು. ಅವನು ಕಿಟಕಿ ನೋಡಿದ. ಅವರು ಏನು ಬರೆದುಕೊಂಡರೋ ನನಗೆ ಗೊತ್ತಿಲ್ಲ, ನಾಳೆ ಯಾವ ಕಡೆ ತೀರ್ಪು ಬೀಳುತ್ತದೋ ಅದೂ ಗೊತ್ತಿಲ್ಲ. ಬೆಂಚಿನ ತುದಿಯಿಂದ ನಿನ್ನ ತಾಯಿ ಮೆಲ್ಲಗೆ, "ಹೋಗಪಾ, ಬರೇ ಬೀಡಿ ಅಲ್ಲೇನು?" ಎಂದಳು.

ಅವನು ಏಳಲಿಲ್ಲ ಖಾಜಾ. ಎದ್ದವಳು ನಿನ್ನ ತಾಯಿ. ಬೆಂಚಿನ ಇನ್ನೊಂದು ತುದಿಗೆ ಹೋಗಿ ನೂರ್‌ಬೀಯ ಕೈ ಹಿಡಿದುಕೊಂಡು, "ನಡಿ ಬೇಟಿ, ಮನಿಗೆ ಹೋಗೂಣು," ಎಂದಳು.

ಇಂತಿ,
ಇನ್ನೂ ನಿನ್ನ ಮೇಲೆ ಸಿಟ್ಟಿರುವ
ಈರಣ್ಣ