ಹೆಸರಿನ ಕೆಳಗಿನ ಸಾಲು

೧. ಬರೆಯುವವನು: ನಿನ್ನ ಹಿರಿಯಣ್ಣ ಕ್ಸಾವೆರಿ.
೨. ಸ್ಥಳ, ದಿನಾಂಕ: ಕ್ರಾಕೋವ್, ೧೪ ನವೆಂಬರ್ ೧೯೬೯.
೩. ವಿಷಯ: ನಮ್ಮ ತಮ್ಮ ಬೋಗುಮಿಲನ ಮರಣ ಪ್ರಕಟಣೆ.

ತಂಗಿ ಬ್ರೋನ್ಯಾಳಿಗೆ ತಿಳಿಯಪಡಿಸುವುದೇನೆಂದರೆ, ಪ್ರಕಟಣೆಯನ್ನು ಅಚ್ಚು ಹಾಕಿಸಿ ಗೋಡೆಗೆ ಅಂಟಿಸಲು ಇಲ್ಲಿ ಸೆನ್ಸಾರ್ ಕಚೇರಿಯ ಮೊಹರು ಬೇಕು. ಹೆಸರಿನ ಕೆಳಗೆ ‘ಲೇಖಕ’ ಎಂದಿರುವುದನ್ನು ಕಂಡ ಗುಮಾಸ್ತೆಯು ಕಾಗದವನ್ನು ಹಿಂದಕ್ಕೆ ತಳ್ಳಿದಳು.

“ತಾತ, ಇವರನ್ನ ಲೇಖಕರ ಸಂಘದಿಂದ ತೆಗೆದು ಎಂಟು ವರ್ಷ ಆಯ್ತು. ಪಿಂಚಣಿದಾರ ಅಂತ ಹಾಕಿ, ಈಗಲೇ ಒತ್ತಿಕೊಡ್ತೀನಿ.”

“ಏಳು ಪುಸ್ತಕ ಬರ್ದಿದಾನಮ್ಮ.”

“ಅಂಗಡೀಲಿ ಒಂದಾದ್ರೂ ಸಿಕ್ರೆ ತಂದು ತೋರ್ಸಿ.”

“ಬೇಗ ಮುಗಿಸಿ ಯಜಮಾನ್ರೇ, ನಮ್ಮನೇಲೂ ಹೆಣ ಕಾಯ್ತಿದೆ,” ಎಂದು ಸಾಲಿನಲ್ಲಿ ನನ್ನ ಹಿಂದಿದ್ದವನು ಗೊಣಗಿದನು.

ನಲವತ್ತು ವರ್ಷ ಊರವರ ಅರ್ಜಿಗಳನ್ನು ನಕಲು ಮಾಡಿದ ನಾನು ಅಲ್ಲಿಯೇ ನಿಂತು ಮೂರು ಅರ್ಜಿ ಬರೆದೆನು. ಮೂರೂ ತಿರಸ್ಕೃತವಾದವು. ನಾಳೆ ಹತ್ತು ಗಂಟೆಗೆ ಮಣ್ಣು. ಪ್ರಕಟಣೆ ಕಾಣದಿದ್ದರೆ ಯಾರೂ ಬರಲಾರರು. ಆದಕಾರಣ ಆ ಪದವನ್ನು ನನ್ನ ಕೈಯಾರೆ ಹೊಡೆದುಹಾಕಿ ಮೊಹರು ಪಡೆದೆನು. ‘ಪಿಂಚಣಿದಾರ’ ಎಂದು ಮಾತ್ರ ಬರೆಯಲಿಲ್ಲ.

ಮೊಣಕಾಲು ಊದಿಕೊಂಡಿದೆ. ಭಾನುವಾರದ ರೈಲಿಗೆ ಹೊರಡುವೆನು.

ಅವಸರದಲ್ಲಿ,
ಸಹಿ: ಕ್ಸಾವೆರಿ ಸ್ಕೊವ್ರೋನ್

ಲಗತ್ತು (ಬೇರೆ ಲಕೋಟೆಯಲ್ಲಿ): ಅಚ್ಚಾದ ಪ್ರಕಟಣೆ, ಒಂದು ಪ್ರತಿ. ಕಣ್ಣು ಕಾಣದ ಅಮ್ಮನಿಗೆ ಓದಿ ಹೇಳುವಾಗ, ಹೆಸರಿನ ಕೆಳಗಿನ ಖಾಲಿ ಜಾಗವನ್ನು ‘ಲೇಖಕ’ ಎಂದು ಓದತಕ್ಕದ್ದು.