ಇಂಗ್ಲಿಷಿನಲ್ಲಿ ಬಂದ ಸಿಟ್ಟು

ಮಾರ್ಚ್ ೧೪, ಗುರುವಾರ

ಶನಿವಾರ ಇಂಗ್ಲಿಷ್ ಪರೀಕ್ಷೆ. ಪಾಸಾದರೆ ಹೊರದೇಶದ ಆಸ್ಪತ್ರೆಯ ಲ್ಯಾಬಿನಲ್ಲಿ ಕೆಲಸ. ಬರೆಯುವುದು ಹೇಗೋ ಆದೀತು, ಮಾತಾಡಲು ಹೋದರೆ ನಾಲಿಗೆ ಹೊರಳುವುದಿಲ್ಲ. ಪರೀಕ್ಷೆಯಲ್ಲಿ ಎರಡು ನಿಮಿಷ ನಿಲ್ಲಿಸದೆ ಮಾತಾಡಬೇಕು. ಇವತ್ತೂ ನಾದಿನಿ ಗಡಿಯಾರ ಹಿಡಿದು ಕೂತಿದ್ದಳು, ನಾನು ತಡವರಿಸುತ್ತಿದ್ದೆ. ಇವರು ಒಳಗೆ ಬಂದು, "ಇನ್ನೂ ಮುಗಿಲಿಲ್ವಾ ಗಿಳಿಪಾಠ?" ಎಂದು ನಕ್ಕರು. ಪಿತ್ತ ನೆತ್ತಿಗೇರಿತು. ಅಲ್ಲಿ ಒಬ್ಬಳೇ ಇರಬೇಕು, ಕಾಯಿಲೆ ಬಿದ್ದರೆ ಬಾಗಿಲು ತೆಗೆಯುವವರೂ ಇಲ್ಲ ಎಂಬ ಭಯವನ್ನೆಲ್ಲ ಇಂಗ್ಲಿಷಿನಲ್ಲೇ ಅವರ ಮುಖಕ್ಕೆ ಹೇಳಿಬಿಟ್ಟೆ.

"ಅತ್ತಿಗೆ, ಎರಡು ನಿಮಿಷ ದಾಟ್ತು! ಒಂದು ಕಡೆನೂ ತಡವರಿಸ್ಲಿಲ್ಲ!" ಎಂದು ನಾದಿನಿ ಕುಣಿದಳು.

ಇವರ ನಗು ನಿಂತಿತ್ತು. "ಇಷ್ಟು ಭಯ ಇದೆ ಅಂತ ಕನ್ನಡದಲ್ಲಿ ಒಂದ್ಸಲನಾದ್ರೂ ಹೇಳ್ಬಾರ್ದಿತ್ತಾ?" ಎಂದರು.

ಕನ್ನಡದಲ್ಲಿ ಹೇಳಹೊರಟಿದ್ದರೆ ಎರಡನೇ ಮಾತಿಗೇ ಅತ್ತುಬಿಡುತ್ತಿದ್ದೆ. ಇವರಿಗೂ ಇನ್ನೂ ನಿದ್ದೆ ಬಂದಿಲ್ಲ, ಮಗ್ಗುಲು ಬದಲಾಯಿಸುತ್ತಿದ್ದಾರೆ. ದೀಪ ಆರಿಸಿ ಒಮ್ಮೆ ಹೇಳಿ ನೋಡಲೇ, ಅಳು ಬಂದರೆ ಬರಲಿ, ನೋಡುವವರು ಇವರೇ ತಾನೇ...